ಎರಡು ರೀಲು ಹಬೆ, ಮೂರು ಸಲ ಹಾಲು!

ವಿರಾಜಪೇಟೆಯಿಂದ ಬರೀತೀನಿ ಅಂದ ಕೂಡಲೇ ಎಲ್ಲರೂ ಕೇಳುವ ಮೊದಲನೇ ಪ್ರಶ್ನೆ ಒಂದೇ: ‘ರಶ್ಮಿಕಾ ಮಂದಣ್ಣ ನಿಮ್ಮೂರಿನವರೇ ಅಲ್ವಾ?’ ಹೌದು ಸ್ವಾಮಿ, ನಮ್ಮೂರಿನವರೇ. 2016ರ ಡಿಸೆಂಬರ್ 30ರಂದು ‘ಕಿರಿಕ್ ಪಾರ್ಟಿ’ ತೆರೆ ಕಂಡ ಮೇಲೆ ನಮ್ಮ ಗಡಿಯಾರ ಕಂಬಕ್ಕೂ ಒಂದು ಗತ್ತು ಬಂತು. ಅದಕ್ಕೂ ಮೊದಲು ಕೊಡಗು ಅಂದರೆ ಚಿತ್ರರಸಿಕರಿಗೆ ‘ಮುತ್ತಿನ ಹಾರ’ದ ವಿಷ್ಣುವರ್ಧನ್ ನೆನಪಾಗುತ್ತಿದ್ದರು. ಅದಕ್ಕೂ ಹಿಂದೆ ‘ಶರಪಂಜರ’ದ ಕಲ್ಪನಾ. ತಾರೆಯರ ಸುದ್ದಿಗೆ ನಮ್ಮ ಜಿಲ್ಲೆಯಲ್ಲಿ ಬರವಿಲ್ಲ.

ಆದರೆ ಓದುಗ ಮಿತ್ರರೇ, ಈ ವಾರ ನನ್ನ ಬರಹದ ನಾಯಕ ತಾರೆಯಲ್ಲ. ಒಂದು ಸ್ಟೀಲ್ ಬಟ್ಟಲು! ಅದರೊಳಗೆ ಅಂಗೈಯಷ್ಟು ಸ್ಪಂಜ್ ಕೇಕು, ಕೇಕಿನೊಳಗೆ ಹಾಲು. ಖಳನಾಯಕ ಯಾರು ಅಂತ ಮುಂದೆ ಹೇಳ್ತೀನಿ.

ಹಾಲಲ್ಲಿ ನೆನೆಸಿದ ಕೇಕು ಈಗ ಬೆಂಗಳೂರಿನಲ್ಲಿ ಭಾರೀ ಫ್ಯಾಷನ್ನು. ಪಾರದರ್ಶಕ ಡಬ್ಬಿಯಲ್ಲಿ ಹಾಕಿ, ಮೇಲೆ ಪಿಸ್ತಾ ಉದುರಿಸಿ, ‘ಟ್ರೆಸ್ ಲೆಚೆಸ್’ ಅಂತ ನಾಲಿಗೆ ಹೊರಳದ ಹೆಸರಿಟ್ಟು ಕೊಡ್ತಾರೆ. ಸ್ಪ್ಯಾನಿಷ್ ಮಾತು ಅದು. ‘ಮೂರು ಹಾಲು’ ಅಂತ ಅರ್ಥ. ಮೆಕ್ಸಿಕೊ, ನಿಕರಾಗುವಾ ಕಡೆಯ ತಿಂಡಿ. ಮೂರು ಹಾಲು ಅಂದರೆ ಹಸು, ಎಮ್ಮೆ, ಮೇಕೆ ಅಂತ ತಿಳೀಬೇಡಿ. ಸಕ್ಕರೆ ಹಾಕಿ ಗಟ್ಟಿ ಮಾಡಿದ ಡಬ್ಬಿ ಹಾಲು ಒಂದು, ಸಕ್ಕರೆಯಿಲ್ಲದೆ ಇಂಗಿಸಿದ ಡಬ್ಬಿ ಹಾಲು ಇನ್ನೊಂದು, ಕೆನೆ ಮೂರನೆಯದು. ಡಬ್ಬಿ ಮಾರುವ ಕಂಪನಿಗಳೇ ಲೇಬಲ್ಲಿನ ಮೇಲೆ ಮಾಡುವ ವಿಧಾನ ಅಚ್ಚು ಹಾಕಿ ಆ ದೇಶಗಳಲ್ಲಿ ಮನೆಮನೆಗೆ ಹಬ್ಬಿಸಿದವು ಅಂತ ಹೇಳ್ತಾರೆ. ಇರಬಹುದು. ಡಬ್ಬಿ ಖಾಲಿಯಾಗಬೇಕಲ್ಲ!

ಸಿನಿಮಾ ಪತ್ರಿಕೆಯ ಓದುಗರಿಗೆ ರುಚಿಸುವ ಕತೆ ಇನ್ನೊಂದಿದೆ. ಈ ಕೇಕು ಅಲ್ಲಿಂದ ಸಮುದ್ರ ದಾಟಿ ಆಲ್ಬೇನಿಯಾಕ್ಕೆ ಹೋಗಿದ್ದು ಟೀವಿ ಧಾರಾವಾಹಿಯಿಂದಂತೆ. ಲ್ಯಾಟಿನ್ ಅಮೆರಿಕದ ಅಳುಬುರುಕಿ ಧಾರಾವಾಹಿಗಳು ಆಲ್ಬೇನಿಯಾದಲ್ಲಿ ಮನೆಮಾತಾಗಿದ್ದ ಕಾಲದಲ್ಲಿ, ಪರದೆಯ ಮೇಲೆ ನಾಯಕಿ ತಿಂದದ್ದನ್ನು ನೋಡಿ ಅಲ್ಲಿನ ಬಾಣಸಿಗರು ತಾವೇ ಊಹಿಸಿ ಮಾಡಿದರಂತೆ. ಅಲ್ಲಿಂದ ತುರ್ಕಿಗೆ ಹೋಗಿ ‘ತ್ರಿಲೆಚೆ’ ಆಯಿತು. ಸೀರೆಯ ಅಂಚು, ಕೂದಲ ಕ್ರಾಪು ಪರದೆಯಿಂದ ಇಳಿದು ಬೀದಿಗೆ ಬಂದದ್ದು ನಮಗೆ ಗೊತ್ತು. ಕೇಕೂ ಇಳಿಯುತ್ತದೆ ಅಂತ ಗೊತ್ತಿರಲಿಲ್ಲ.

ನಮಗೇನು ಇದು ಪೂರ್ತಿ ಹೊಸತಲ್ಲ. ಅಯ್ಯಂಗಾರ್ ಬೇಕರಿಯ ಹನಿ ಕೇಕು ಇನ್ನೇನು ಮತ್ತೆ? ಸ್ಪಂಜಿಗೆ ಪಾಕ ಕುಡಿಸಿ, ಮೇಲೆ ಜಾಮು ಬಳಿದು, ಒಣಕೊಬ್ಬರಿ ಉದುರಿಸುವುದು. ಹೆಸರಿಗೆ ಹನಿ, ಬಹುಪಾಲು ಸಕ್ಕರೆ ಪಾಕ. (ನಿಜವಾದ ಕೊಡಗಿನ ಜೇನಿನ ಕತೆ ಬೇರೆಯೇ ಇದೆ. 1991-92ರಲ್ಲಿ ಥಾಯ್ ಸ್ಯಾಕ್‌ಬ್ರೂಡ್ ಅನ್ನುವ ರೋಗ ಬಂದು ದಕ್ಷಿಣದ ಬಹುಪಾಲು ಜೇನುಪೆಟ್ಟಿಗೆಗಳನ್ನು ಬರಿದು ಮಾಡಿತು. ಅದನ್ನು ಇನ್ನೊಂದು ಸಲ ಬರೀತೀನಿ.) ಇನ್ನು ಮಾಕುಟ್ಟ ಘಟ್ಟ ಇಳಿದರೆ ಇರಿಟ್ಟಿ, ಅದರಾಚೆ ತಲಶ್ಶೇರಿ. 1883ರಲ್ಲಿ ಮಾಂಬಳ್ಳಿ ಬಾಪು ಎಂಬಾತ ಮರ್ಡೋಕ್ ಬ್ರೌನ್ ಎಂಬ ತೋಟದ ದೊರೆಗೆ ಕ್ರಿಸ್‌ಮಸ್ ಕೇಕು ಮಾಡಿಕೊಟ್ಟ ಊರು ಅದು. ನಮ್ಮ ದೇಶದ ಮೊದಲ ಕ್ರಿಸ್‌ಮಸ್ ಕೇಕು ಅಂತ ಅದನ್ನೇ ಹೇಳುತ್ತಾರೆ. ಹೀಗಾಗಿ ವಿರಾಜಪೇಟೆಯವರಿಗೆ ಕೇಕಿನ ಪರಿಮಳ ಪಶ್ಚಿಮದ ಗಾಳಿಯಲ್ಲೇ ಬರುತ್ತದೆ ಅನ್ನಿ.

ಸರಿ, ಕತೆಗೆ ಬರೋಣ.

ನಮ್ಮಪ್ಪ ಆಪರೇಟರು. ಆಸ್ಪತ್ರೆಯದಲ್ಲ, ಟಾಕೀಸಿನದು. ಕ್ಯಾಬಿನ್ನಿನಲ್ಲಿ ಎರಡು ಪ್ರೊಜೆಕ್ಟರು, ಕಾರ್ಬನ್ ಕಡ್ಡಿಯ ಕಣ್ಣು ಕುಕ್ಕುವ ಬೆಳಕು, ಬೆವರು, ಬೀಡಿ. 35 ಎಂಎಂ ಫಿಲಂ ನಿಮಿಷಕ್ಕೆ 90 ಅಡಿ ಓಡುತ್ತದೆ. ಸಾವಿರ ಅಡಿಯ ಒಂದು ರೀಲು ಅಂದರೆ ಹನ್ನೊಂದು ನಿಮಿಷ. ರೀಲು ಮುಗಿಯುವ ಹೊತ್ತಿಗೆ ಪರದೆಯ ಬಲಮೇಲ್ಮೂಲೆಯಲ್ಲಿ ಒಂದು ಚುಕ್ಕಿ ಮಿಂಚುತ್ತದೆ. ಆಗ ಎರಡನೇ ಯಂತ್ರದ ಮೋಟಾರು ಹಾಕಬೇಕು. ಏಳು ಸೆಕೆಂಡು ಬಿಟ್ಟು ಇನ್ನೊಂದು ಚುಕ್ಕಿ; ಆಗ ಚೇಂಜ್‌ಓವರ್. ತಪ್ಪಿದರೆ ಪರದೆ ಬಿಳಿ, ಗಾಂಧಿ ಕ್ಲಾಸಿನಿಂದ ಸಿಳ್ಳೆ! ನೀವು ಯಾವತ್ತೂ ಆ ಚುಕ್ಕಿ ನೋಡಿಲ್ಲ ಅಂದರೆ ಆಪರೇಟರು ಒಳ್ಳೆಯವನಿದ್ದ ಅಂತ ಅರ್ಥ. ‘ಮುತ್ತಿನ ಹಾರ’ (1990) ಓಡಿಸಿದ್ದನ್ನು ಅಪ್ಪ ನೂರು ಸಲ ಹೇಳಿದ್ದಾರೆ. ಪರದೆ ಮೇಲೆ ಕುಪ್ಪಸ, ಚೇಲೆ, ಪೀಚೆಕತ್ತಿ ಕಂಡಾಗ ಮುಂದಿನ ಸಾಲಿನಿಂದ ಬಾಲ್ಕನಿಯವರೆಗೆ ಜನ ಎದ್ದು ನಿಂತರಂತೆ. ಆ ವರ್ಷದ ಅತ್ಯುತ್ತಮ ಕನ್ನಡ ಚಿತ್ರ ಅಂತ ಅದಕ್ಕೆ ರಾಷ್ಟ್ರಪ್ರಶಸ್ತಿ ಬಂತು. ಪ್ರಶಸ್ತಿಯಲ್ಲಿ ತನಗೂ ಒಂದು ಪಾಲು ಅನ್ನುವಂತೆ ಅಪ್ಪ ಮಾತಾಡುತ್ತಿದ್ದರು.

2010ರ ಈಚೆಗೆ ಕೆಲವೇ ವರ್ಷಗಳಲ್ಲಿ ಎಲ್ಲ ಕಡೆ ಡಿಜಿಟಲ್ ಬಂತು, ರೀಲಿನ ಡಬ್ಬ ಹೊತ್ತು ಬರುವ ಬಸ್ಸು ನಿಂತಿತು. ಬಟನ್ ಒತ್ತುವ ಕೆಲಸಕ್ಕೆ ಹುಡುಗರು ಸಾಕಾಯಿತು. ಅಪ್ಪ ಮನೆಗೆ ಬಂದರು. ಆ ಮಾತು ಇಲ್ಲಿಗೆ ಬಿಡೋಣ.

2023ರ ಜುಲೈ. ನಮ್ಮ ಕಡೆಯ ಜುಲೈ ಹೇಗಿರುತ್ತದೆ ಅಂತ ಬಯಲುಸೀಮೆಯವರಿಗೆ ಹೇಳಿದರೆ ನಂಬುವುದಿಲ್ಲ. ಬೆಳಗಿಗೂ ಸಂಜೆಗೂ ವ್ಯತ್ಯಾಸ ಗೊತ್ತಾಗದ ಮಳೆ. ಬೆಳಿಗ್ಗೆ ಅಪ್ಪ ಕಾಫಿ ಲೋಟ ಎತ್ತಲು ಹೋದರು, ಬಲಗೈ ಏಳಲಿಲ್ಲ. ಮಾತು ತೊದಲಿತು, ಆಮೇಲೆ ನಿಂತೇಹೋಯಿತು. ಲಕ್ವ! ನೂರು ಕಿಲೋಮೀಟರಿಗೂ ಹೆಚ್ಚು ದೂರದ ಮೈಸೂರಿನ ಆಸ್ಪತ್ರೆಗೆ ಆ ಮಳೆಯಲ್ಲಿ ಹೋದ ದಾರಿಯನ್ನು ನಾನು ಬರೆಯುವುದಿಲ್ಲ. ಜೀವ ಉಳೀತು. ಮೂರು ವಾರದ ಮೇಲೆ ಮನೆಗೆ ಬಂದರು. ಬಲಭಾಗ ಸೋತಿತ್ತು, ಬಾಯಲ್ಲಿ ಮಾತಿರಲಿಲ್ಲ, ಮೂಗಿನಲ್ಲಿ ನಳಿಕೆ ಇತ್ತು.

ಲಕ್ವ ಹೊಡೆದರೆ ಕೈಕಾಲು ಬೀಳುತ್ತದೆ, ಮಾತು ಹೋಗುತ್ತದೆ ಅಂತ ನಮಗೆಲ್ಲ ಗೊತ್ತು. ನುಂಗೋದೂ ಹೋಗುತ್ತದೆ ಅಂತ ನನಗೆ ಆಗಲೇ ತಿಳಿದದ್ದು. ನುಂಗುವುದು ಒಂದು ಚೇಂಜ್‌ಓವರ್ ಇದ್ದ ಹಾಗೆ ನೋಡಿ. ಗಂಟಲಲ್ಲಿ ಎರಡು ದಾರಿ: ಒಂದು ಉಸಿರಿನದು, ಒಂದು ಅನ್ನದ್ದು. ತುತ್ತು ಬರುವ ಹೊತ್ತಿಗೆ ಸರಿಯಾಗಿ ಉಸಿರಿನ ದಾರಿ ಮುಚ್ಚಬೇಕು. ಮುಚ್ಚುವುದು ಅರ್ಧ ಸೆಕೆಂಡು ತಡವಾದರೂ ಹಾಲೋ ನೀರೋ ಶ್ವಾಸಕೋಶಕ್ಕೆ ಇಳಿಯುತ್ತದೆ, ನ್ಯುಮೋನಿಯಾ ಆಗುತ್ತದೆ. ಲಕ್ವ ಆದವರಲ್ಲಿ ಎಷ್ಟೋ ಜನರನ್ನು ಆಮೇಲೆ ಕೊಂಡೊಯ್ಯುವುದು ಅದೇ. ವಿಚಿತ್ರ ಅಂದರೆ ಎಲ್ಲಕ್ಕಿಂತ ಅಪಾಯ ಗಟ್ಟಿ ಪದಾರ್ಥವೊಂದೇ ಅಲ್ಲ, ತೆಳ್ಳಗಿನ ನೀರೂ! ಅದು ವೇಗವಾಗಿ ಓಡುತ್ತದೆ, ಸೋತ ಗಂಟಲು ಅದರ ವೇಗಕ್ಕೆ ಏಗುವುದಿಲ್ಲ. ಈ ಕತೆಯ ಖಳನಾಯಕ ಅಂದೆನಲ್ಲ, ಅವನೇ ಇವನು. ಒಂದು ಚಮಚ ನೀರು.

ಹುಣಸೂರು ಕಡೆಯ ಮನುಷ್ಯ ಅಪ್ಪ. ರಾಗಿಮುದ್ದೆ ನುಂಗಿ ಬೆಳೆದವರು. ಅವರಿಗೇ ನುಂಗಲು ಬಾರದಂತಾದರೆ!

ನಳಿಕೆ ತೆಗೆದ ಮೇಲೆ ನುಂಗುವುದನ್ನು ಕಲಿಸುವ ಥೆರಪಿಸ್ಟು ಹೇಳಿದ್ದು: ಎಲ್ಲ ರುಬ್ಬಿ ಕೊಡಿ, ಒಂದೇ ಹದ ಇರಲಿ, ಗಂಟು ಬೇಡ, ನೀರು ಬೇರೆ ಆಗಬಾರದು. ಅಮ್ಮ ಇಡ್ಲಿ ರುಬ್ಬಿದಳು, ಅನ್ನ ರುಬ್ಬಿದಳು, ಬಾಳೆಹಣ್ಣು ರುಬ್ಬಿದಳು. ಎಲ್ಲವೂ ಒಂದೇ ಬೂದು ಬಣ್ಣದ ಹಿಟ್ಟು. ಅಪ್ಪ ಹತ್ತು ದಿನ ತಿಂದರು. ಹನ್ನೊಂದನೇ ದಿನ ಬಾಯಿ ಬಿಗಿದರು. ಚಮಚ ತುಟಿಗೆ ತಂದರೆ ಮುಖ ಗೋಡೆಗೆ. ಎಡಗೈಯಿಂದ ಬಟ್ಟಲನ್ನು ದೂಡಿದರು. ಎರಡು ತಿಂಗಳಲ್ಲಿ ಹನ್ನೆರಡು ಕಿಲೋ ಇಳಿದುಹೋದರು. ಮತ್ತೆ ನಳಿಕೆ ಹಾಕಬೇಕಾಗುತ್ತೆ ಅಂತ ಫೋನಿನಲ್ಲಿ ಹೇಳಿದರು. ನಳಿಕೆ ಅಂದರೆ ಅಪ್ಪನ ಕಣ್ಣಲ್ಲಿ ನೀರು.

ಅಮ್ಮ ಒಂದು ರಾತ್ರಿ ಹೇಳಿದಳು, ‘ಅವರಿಗೆ ಹಸಿವಿಲ್ಲ ಅಂತಲ್ಲ ಕಣೋ. ತಿಂಡಿಗೆ ಒಂದು ರೂಪ ಬೇಡ್ವಾ? ಮಗೂಗೆ ತಿನ್ನಿಸೋ ಹಾಗೆ ತಿನ್ನಿಸಿದರೆ ಯಾವ ಗಂಡಸು ತಿಂತಾನೆ?’

ಆ ‘ರೂಪ’ ಅನ್ನುವ ಮಾತು ನನ್ನ ತಲೆಯಲ್ಲಿ ಕೂತಿತು. ಥೆರಪಿಸ್ಟಿಗೆ ಫೋನ್ ಮಾಡಿ ಕೇಳಿದೆ: ನೋಡಲು ಕೇಕಿನ ಹಾಗೆ ಇದ್ದು, ಬಾಯಲ್ಲಿ ಕರಗುವುದು ಏನಾದರೂ ಕೊಡಬಹುದೇ? ಆಕೆ ಒಂದು ಕ್ಷಣ ಯೋಚಿಸಿ ಹೇಳಿದರು, ‘ಸ್ಪಂಜ್ ಕೇಕನ್ನು ಹಾಲಲ್ಲಿ ಪೂರ್ತಿ ನೆನೆಸಿ ಕೊಡಬಹುದು. ಆದರೆ ಮೂರು ಷರತ್ತು. ನಡುವೆ ಒಣ ಜಾಗ ಇರಬಾರದು. ಮೇಲೆ ಸಿಪ್ಪೆ ಇರಬಾರದು. ಬಟ್ಟಲಲ್ಲಿ ಹಾಲು ನಿಂತಿರಬಾರದು.’

ಬೆಂಗಳೂರಿನ ಡಬ್ಬಿ ಕೇಕಿನ ಮಜವೇ ಆ ನಿಂತ ಹಾಲಿನಲ್ಲಿದೆ! ಚಮಚ ಇಟ್ಟರೆ ಕೆರೆ ಒಡೆದ ಹಾಗೆ ಹರಿಯಬೇಕು. ನಮಗೆ ಬೇಕಾದದ್ದು ಅದಕ್ಕೆ ಉಲ್ಟಾ. ಕೇಕಿಗೆ ಎಷ್ಟು ಹಾಲು ಹಿಡಿಯುತ್ತದೋ ಅಷ್ಟೇ, ಒಂದು ತೊಟ್ಟು ಹೆಚ್ಚಿಲ್ಲ, ಕಡಿಮೆಯೂ ಇಲ್ಲ. ದೊಡ್ಡ ತಟ್ಟೆಯಲ್ಲಿ ಮಾಡಿದರೆ ಅಂಚಿಗೆ ಒಂದು ಲೆಕ್ಕ, ನಡುವಿಗೆ ಒಂದು ಲೆಕ್ಕ, ತಳದಲ್ಲಿ ಹಾಲು ನಿಂತದ್ದು ಕಾಣುವುದೇ ಇಲ್ಲ. ಒಬ್ಬೊಬ್ಬರಿಗೆ ಒಂದೊಂದು ಬಟ್ಟಲು ಮಾಡಿದರೆ ಮಾತ್ರ ಅಳತೆ ಕೈಯಲ್ಲಿರುತ್ತದೆ. ಫ್ಯಾಷನ್ನಿಗಲ್ಲ ಸ್ವಾಮಿ, ನಮ್ಮ ಮನೆಗೆ ಬಟ್ಟಲು ಬಂದದ್ದು ಇದಕ್ಕೆ.

ಪೇಟೆಯ ಬೇಕರಿ ಕೇಕು ತಂದು ನೋಡಿದ್ದಾಯಿತು. ಆಗಲಿಲ್ಲ. ಬೆಣ್ಣೆಯೋ ಎಣ್ಣೆಯೋ ಬಿದ್ದ ಕೇಕು ಹಾಲು ಹೀರುವುದಕ್ಕೆ ಹಿಂದೆಮುಂದೆ ನೋಡುತ್ತದೆ. ಹೊರಗೆ ಮುದ್ದೆ, ಒಳಗೆ ಒಣಕಲು. ಬೇಕಾದದ್ದು ಕೊಬ್ಬಿಲ್ಲದ, ಬರೀ ಮೊಟ್ಟೆಯ ನೊರೆಯಲ್ಲಿ ಉಬ್ಬಿದ ಸ್ಪಂಜು. ಅದರ ತುಂಬ ಗಾಳಿಯ ಗೂಡು. ಗಾಳಿ ಹೊರಗೆ, ಹಾಲು ಒಳಗೆ. ಆದರೆ ಒಲೆಯಲ್ಲಿ ಸುಟ್ಟರೆ ಮೇಲೆ ಕಂದು ಸಿಪ್ಪೆ ಬರುತ್ತದೆ, ಎಷ್ಟು ನೆನೆದರೂ ಅದು ಎಲೆಯ ಹಾಗೆ ಅಂಗುಳಿಗೆ ಅಂಟುತ್ತದೆ. ಕತ್ತರಿಸಿ ತೆಗೆದರೆ ಮತ್ತೆ ರೂಪ ಹೋಯಿತು.

ಗಂಟು ಬಿಡಿಸಿದವರು ಪಕ್ಕದ ಮನೆಯ ಕೊಡವ ಆಂಟಿ. ಅಡುಗೆಮನೆ ಬಾಗಿಲಲ್ಲಿ ನಿಂತು ನಮ್ಮ ಪಡಿಪಾಟಲು ನೋಡಿ, ‘ಅದನ್ನ ಸುಡೋದು ಯಾಕೆ ಮಾರಾಯ? ಪಾಪುಟ್ಟು ಬೇಯಿಸೋ ಹಾಗೆ ಹಬೆಯಲ್ಲಿ ಬೇಯಿಸು’ ಅಂದರು. ಪಾಪುಟ್ಟು ಗೊತ್ತಲ್ಲ? ಅಕ್ಕಿ ತರಿಗೆ ಹಾಲು, ಕಾಯಿತುರಿ ಹಾಕಿ ತಟ್ಟೆಯಲ್ಲಿ ಹಬೆಗಿಟ್ಟು ಬೇಯಿಸುವ ಕೊಡಗಿನ ತಿಂಡಿ. ಬೆಳ್ಳಗೆ, ಮೆತ್ತಗೆ, ಸಿಪ್ಪೆಯ ಮಾತೇ ಇಲ್ಲ. ಮೆಕ್ಸಿಕೊದವರ ಹಾಲಿನ ಕೇಕಿಗೂ ಕೊಡವರ ಹಾಲಿನ ಪುಟ್ಟಿಗೂ ನಮ್ಮ ಅಡುಗೆಮನೆಯಲ್ಲಿ ಹೀಗೆ ನಂಟಸ್ತಿಕೆ ಆಯಿತು!

ಮಾಡುವ ಬಗೆ ಹೇಳ್ತೀನಿ, ಬೇಕಾದವರು ಬರಕೊಳ್ಳಿ. ಹತ್ತು ಚಿಕ್ಕ ಬಟ್ಟಲಿಗೆ ನಾಲ್ಕು ಮೊಟ್ಟೆ, 120 ಗ್ರಾಂ ಸಕ್ಕರೆ, 120 ಗ್ರಾಂ ಮೈದಾ. ಮೈದಾ ಮೂರು ಸಲ ಜರಡಿ ಆಡಬೇಕು. ಬಿಸಿನೀರಿನ ಪಾತ್ರೆಯ ಮೇಲೆ ಇನ್ನೊಂದು ಪಾತ್ರೆ ಕೂರಿಸಿ, ಅದರಲ್ಲಿ ಮೊಟ್ಟೆ ಸಕ್ಕರೆ ಹಾಕಿ ಕಡೆಯಬೇಕು. ಬೆಚ್ಚಗಿದ್ದರೆ ನೊರೆ ಬೇಗ ಏಳುತ್ತದೆ, ಆದರೆ ನೀರು ಕುದಿಯಬಾರದು, ಕುದಿದರೆ ಆಮ್ಲೆಟ್ಟು! ಮೂರು ಪಟ್ಟಾಗಿ, ಬಿಳುಚಿ, ಎತ್ತಿದರೆ ರಿಬ್ಬನ್ನಿನ ಹಾಗೆ ಇಳಿದು ಸ್ವಲ್ಪ ಹೊತ್ತು ಮೇಲೇ ಗೆರೆಯಾಗಿ ಕೂರಬೇಕು. ಆಮೇಲೆ ಮೈದಾವನ್ನು ಮೂರು ಕಂತಿನಲ್ಲಿ, ಕೆಳಗಿನಿಂದ ಮೇಲಕ್ಕೆ ಮಡಿಸುತ್ತಾ ಸೇರಿಸುವುದು. ಗರಗರ ತಿರುಗಿಸಿದರೆ ಗಾಳಿಯೆಲ್ಲ ಹೋಗುತ್ತದೆ. ತುಪ್ಪ ಸವರಿದ ಬಟ್ಟಲಿಗೆ ಅರ್ಧಕ್ಕಿಂತ ತುಸು ಮೇಲೆ ಹುಯ್ದು, ಇಡ್ಲಿ ಪಾತ್ರೆಯಲ್ಲಿ ಹಬೆಗೆ. ಮುಚ್ಚಳದ ಕೆಳಗೆ ಬಟ್ಟೆ ಕಟ್ಟುವುದು ಮರೆಯಬೇಡಿ, ಇಲ್ಲದಿದ್ದರೆ ಆವಿಯ ಹನಿ ಬಿದ್ದು ಮೇಲೆಲ್ಲ ಗುಳಿ. ನಡುವೆ ಮುಚ್ಚಳ ತೆಗೆದರೆ ಕೇಕು ಕೂತುಬಿಡುತ್ತದೆ. ಹಬೆಯಲ್ಲಿ ಮೊಟ್ಟೆ ವಾಸನೆ ಸ್ವಲ್ಪ ಮುಂದಾಗುತ್ತೆ, ಅದಕ್ಕೆ ಹಾಲಿಗೆ ಏಲಕ್ಕಿ.

ಹಾಲು? ಡಬ್ಬಿಯ ಇಂಗಿಸಿದ ಹಾಲು ನಮ್ಮ ಕಡೆ ಅಂಗಡಿಯಲ್ಲಿ ಸುಲಭಕ್ಕೆ ಸಿಗುವುದಿಲ್ಲ, ಬೇಕಾಗಿಯೂ ಇಲ್ಲ. ಒಂದು ಲೀಟರ್ ನಂದಿನಿ ಹಾಲನ್ನು ಸಣ್ಣ ಉರಿಯಲ್ಲಿ ಅರ್ಧಕ್ಕೆ ಇಳಿಸಿದರೆ ಅದೇ ಇದು. ಅದಕ್ಕೆ ನೂರು ಗ್ರಾಂ ಮಿಲ್ಕ್‌ಮೇಡ್. ಅಪ್ಪನಿಗೆ ಬಿಪಿ ಇದೆ, ಸಕ್ಕರೆ ಕಾಯಿಲೆ ಇಲ್ಲ; ಇರುವವರು ಈ ಡಬ್ಬಿಯ ಕಡೆ ತಿರುಗಿ ನೋಡಬಾರದು, ಅದರಲ್ಲಿ ಅರ್ಧದ ಹತ್ತಿರ ಸಕ್ಕರೆಯೇ. ಹಾಲು ಆರಿದ ಮೇಲೆ ಬಟ್ಟೆಯಲ್ಲಿ ಸೋಸಲೇಬೇಕು. ಕೆನೆಯ ಪದರ, ಏಲಕ್ಕಿ ಸಿಪ್ಪೆಯ ಚೂರು — ನಮಗೆ ರುಚಿ, ಅಪ್ಪನಿಗೆ ಕೆಮ್ಮು.

ಹಾಲಿನ ಮಾತು ಬಂದಾಗ ಒಂದು ಹೆಮ್ಮೆಯ ಸಂಗತಿ. ಕೆಎಂಎಫ್‌ಗೆ ಸೇರಿದ ಡೇರಿಗಳಲ್ಲಿ ಮೊದಲನೆಯದು ಹುಟ್ಟಿದ್ದು 1955ರಲ್ಲಿ, ನಮ್ಮ ಕೊಡಗಿನ ಕೂಡಿಗೆಯಲ್ಲಿ. ನಂದಿನಿ ಪ್ಯಾಕೆಟ್ಟಿಗೆ ವರನಟ ರಾಜ್‌ಕುಮಾರ್ ಒಂದು ಪೈಸೆ ಸಂಭಾವನೆ ಪಡೆಯದೆ ಪ್ರಚಾರ ಮಾಡಿದರು, ಅಪ್ಪು ಅದೇ ದಾರಿ ಹಿಡಿದರು, 2023ರಲ್ಲಿ ಶಿವಣ್ಣ ಆ ಜಾಗಕ್ಕೆ ಬಂದರು. ಅಪ್ಪ ಆಸ್ಪತ್ರೆಯಿಂದ ಬಂದ ಮೊದಮೊದಲು ಟೀವಿಯಲ್ಲಿ ರಾಜಣ್ಣನ ಹಳೇ ಚಿತ್ರ ಬಂದರೆ ಮಾತ್ರ ತಲೆ ಎತ್ತುತ್ತಿದ್ದರು. ಅಮ್ಮ ಅದನ್ನೇ ಹಿಡಿದು, ‘ರೀ, ಅಣ್ಣಾವ್ರ ಹಾಲು ಕಣ್ರೀ, ಕುಡೀರಿ’ ಅಂತ ಪುಸಲಾಯಿಸಿದ್ದುಂಟು.

ಮೊದಲ ಸಲ ಮಾಡಿದ ದಿನ ಕರೆಂಟಿರಲಿಲ್ಲ. ಸೆಪ್ಟೆಂಬರಿನ ಕೊನೆ, ಹಿಂದಿನ ರಾತ್ರಿಯ ಗಾಳಿಗೆ ಎಲ್ಲೋ ಮರ ಬಿದ್ದು ಲೈನು ಹೋಗಿತ್ತು. ಬೀಟರು ಇಲ್ಲ, ಕೈಯಲ್ಲೇ ಕಡೆಯಬೇಕು. ಅಡುಗೆಮನೆ ಬಾಗಿಲಿಗೆ ಅಪ್ಪನ ಗಾಲಿಕುರ್ಚಿ. ನಾನು ಟಕಟಕಟಕ ಅಂತ ಕಡೀತಿದ್ದೆ. ತೋಳು ಬಿದ್ದುಹೋಗುವ ಹೊತ್ತಿಗೆ ಅಪ್ಪ ಎಡಗೈ ಎತ್ತಿದರು, ಬೆರಳು ಮಡಿಸಿ ಸನ್ನೆಕೋಲು ಎಳೆದ ಹಾಗೆ ಪಕ್ಕಕ್ಕೆ ಎಳೆದರು. ನನಗೆ ಅರ್ಥವಾಗಲಿಲ್ಲ. ಅಮ್ಮನಿಗೆ ಆಯಿತು. ‘ಚೇಂಜ್‌ಓವರ್ ಮಾಡು ಅಂತಿದಾರೆ!’ ಗಡಿಯಾರ ನೋಡಿದೆ, ಹನ್ನೊಂದು ನಿಮಿಷ. ಪಾತ್ರೆ ನೋಡಿದೆ, ನೊರೆ ರಿಬ್ಬನ್ನಾಗಿ ಇಳೀತಿತ್ತು.

ಹಬೆಗೆ ಇಟ್ಟಾಗ ಅಪ್ಪ ಮತ್ತೆ ಕಾದರು. ಮಳೆಯ ಸದ್ದಿನಲ್ಲಿ ಪಾತ್ರೆಯ ಗುಳುಗುಳು. ಒಂದು ರೀಲು ಆಗುವಾಗ ಒಂದು ಬೆರಳು. ಎರಡನೇ ರೀಲಿಗೆ ಕೈ ಎತ್ತಿ ಅದೇ ಸನ್ನೆ. ಮುಚ್ಚಳ ತೆಗೆದೆ. ಹತ್ತು ಬಟ್ಟಲು, ಹತ್ತು ಹುಣ್ಣಿಮೆ! ಕಡ್ಡಿ ಚುಚ್ಚಿದರೆ ಒಂದು ಅಂಟೂ ಇಲ್ಲ. ಮೂವತ್ತು ವರ್ಷ ರೀಲು ಓಡಿಸಿದವರ ಒಳಗೆ ಲಕ್ವಕ್ಕೆ ಕೈ ನಿಲುಕದ ಒಂದು ಗಡಿಯಾರ ಇತ್ತು ಅನ್ನಿ.

ಇನ್ನು ಹಾಲು ಕುಡಿಸುವ ಕೆಲಸ. ಮೂಗಿನ ನಳಿಕೆಗೆ ಹಾಲು ಹಾಕುತ್ತಿದ್ದ 50 ಎಂಎಲ್ ಸಿರಿಂಜು ನೆನಪಿಗೆ ಬಂತು. ಅಮ್ಮ ‘ಅದನ್ನ ಕಣ್ಣಿಗೆ ತೋರಿಸಬೇಡ’ ಅಂದಳು. ಮೆಡಿಕಲ್ ಶಾಪಿನಿಂದ ಹೊಸದು ತಂದೆ. ಆರಿದ ಕೇಕಿಗೆ ಕಡ್ಡಿಯಲ್ಲಿ ತಳದವರೆಗೆ ಇಪ್ಪತ್ತು ತೂತು. ಉಗುರುಬೆಚ್ಚಗಿನ ಹಾಲು ಬಟ್ಟಲಿಗೆ 15 ಎಂಎಲ್. ಹತ್ತು ನಿಮಿಷ ಬಿಟ್ಟು ಇನ್ನು 15. ಮತ್ತೆ ಹತ್ತು ನಿಮಿಷ, ಮತ್ತೆ 15. ಒಟ್ಟು 45. ಒಂದೇ ಸಲ ಹುಯ್ದರೆ ಬದಿಯಿಂದ ಇಳಿದು ತಳ ಸೇರುತ್ತದೆ. ಒಂದೊಂದು ಬಟ್ಟಲಿಗೆ ಒಂದೊಂದು ಲೆಕ್ಕ ಹಾಕಿ ನೋಡಿದೆವು: 40ಕ್ಕೆ ನಡುವೆ ಒಣ ಉಳೀತು, 50ಕ್ಕೆ ಬಟ್ಟಲು ಓರೆ ಮಾಡಿದರೆ ಹಾಲು ಜಾರಿತು, 45ಕ್ಕೆ ಎರಡೂ ಇಲ್ಲ. ಇದು ನಮ್ಮ ಬಟ್ಟಲಿನ ಲೆಕ್ಕ. ನಿಮ್ಮದಕ್ಕೆ ನೀವೇ ನೋಡಿಕೊಳ್ಳಿ. ನಾಲ್ಕೈದು ಗಂಟೆ ತಣ್ಣಗಿರಬೇಕು. ಕರೆಂಟಿಲ್ಲದ ಫ್ರಿಜ್ಜನ್ನು ನಂಬುವಂತಿಲ್ಲ. ಮಂಜುಗಡ್ಡೆ ತಂದು ಅಗಲ ಪಾತ್ರೆಯಲ್ಲಿ ಸುತ್ತ ಹಾಕಿ ಇಟ್ಟೆವು. ಹಾಲು, ಮೊಟ್ಟೆ ಎರಡೂ ಇರುವ ಪದಾರ್ಥ, ತಂಪು ತಪ್ಪಿದರೆ ಆ ದಿನವೇ ಚೆಲ್ಲಬೇಕು, ಚೌಕಾಸಿ ಇಲ್ಲ.

ಸಂಜೆ. ಅಮ್ಮ ಬಟ್ಟಲನ್ನು ತಟ್ಟೆಯ ಮೇಲೆ ಬೋರಲು ಹಾಕಿದಳು. ಕೇಕು ಇಡಿಯಾಗಿ ಕೂತಿತು. ಬೆಳ್ಳಗೆ, ದುಂಡಗೆ. ಅಪ್ಪ ಅದನ್ನು ನೋಡಿದರು. ಬಹಳ ಹೊತ್ತು ನೋಡಿದರು.

ಹೇಳಿಕೊಟ್ಟ ಹಾಗೇ ಮಾಡಿದೆವು. ಬೆನ್ನು ನೆಟ್ಟಗೆ, ಗದ್ದ ತುಸು ಕೆಳಗೆ, ಟೀ ಚಮಚದಲ್ಲಿ ಅರ್ಧ. ನನ್ನ ಎದೆ ಹೊಡಕೊಳ್ಳುವುದು ನನಗೇ ಕೇಳುತ್ತಿತ್ತು. ತುತ್ತು ಬಾಯಿಗೆ ಹೋಯಿತು. ನಾಲಿಗೆ ಆಡಿತು. ಗಂಟಲಮಣಿ ಮೇಲೆ ಹೋಗಿ ಕೆಳಗೆ ಬಂತು. ‘ಆ ಅನ್ನಿ’ ಅಂದೆ. ನುಂಗಿದ ಮೇಲೆ ದನಿ ಕೇಳಬೇಕು; ಗುಳುಗುಳು ಅಂದರೆ ದಾರಿ ತಪ್ಪಿದೆ ಅಂತ ಅರ್ಥ, ಕೂಡಲೇ ನಿಲ್ಲಿಸಬೇಕು. ಅಪ್ಪ ‘ಆ’ ಅಂದರು. ಒಣ ದನಿ. ಶುದ್ಧ. ಅಮ್ಮ ಸೆರಗು ಬಾಯಿಗೆ ಒತ್ತಿಕೊಂಡಳು.

ಎರಡನೇ ಚಮಚ. ಮೂರನೇ ಚಮಚಕ್ಕೆ ಅಪ್ಪ ನನ್ನ ಕೈಯಿಂದ ಚಮಚ ಕಿತ್ತುಕೊಂಡರು. ಎಡಗೈಯಲ್ಲಿ ತಾವೇ ಮುರಿದು, ತಾವೇ ತಿಂದರು. ಒಂದು ಬಟ್ಟಲಿಗೆ ಮುಕ್ಕಾಲು ಗಂಟೆ ಹಿಡಿಯಿತು. ಒಂದು ಸಲವೂ ಕೆಮ್ಮಲಿಲ್ಲ. ಆಮೇಲೆ ಅರ್ಧ ಗಂಟೆ ಮಲಗಿಸಬಾರದು ಅಂತ ಹೇಳಿದ್ದರು. ಮಲಗುವ ಮಾತೆಲ್ಲಿ, ಅವರು ಎರಡನೇ ಬಟ್ಟಲಿನ ಕಡೆ ಬೆರಳು ತೋರಿಸುತ್ತಿದ್ದರು!

ಒಂದು ಮಾತು. ಇದು ನಮ್ಮಪ್ಪನಿಗೆ, ಅವರ ಗಂಟಲು ನೋಡಿದವರು ಒಪ್ಪಿದ ಮೇಲೆ ಕೊಟ್ಟದ್ದು. ಲಕ್ವ ಆದವರ ಗಂಟಲು ಒಬ್ಬೊಬ್ಬರದು ಒಂದೊಂದು ಥರ. ಪತ್ರಿಕೆಯಲ್ಲಿ ಓದಿ ಯಾರೂ ಮನೆಯಲ್ಲಿ ಪರೀಕ್ಷೆ ಮಾಡಬೇಡಿ, ಕೈ ಮುಗೀತೀನಿ. ಗಟ್ಟಿಮುಟ್ಟು ಗಂಟಲಿನವರು ಬಟ್ಟಲಿಗೆ 60 ಎಂಎಲ್ ಹಾಕಿ, ಹಾಲು ಹರಿಯಲಿ, ಮೇಲೆ ಗೋಡಂಬಿಯೂ ಇರಲಿ.

ಕೇಕಿನ ಮೇಲೇ ಯಾರೂ ಬದುಕುವುದಿಲ್ಲ. ಆದರೆ ಬಾಯಿ ತೆರೆಯಿತಲ್ಲ, ಅದೇ ಸಂಗತಿ. ಅದೇ ಹದದಲ್ಲಿ ಅಮ್ಮ ಇಡ್ಲಿಯನ್ನು ಬಟ್ಟಲಲ್ಲಿ ಮಾಡಿ, ಸೋಸಿದ ಬೇಳೆಕಟ್ಟಿನಲ್ಲಿ ನೆನೆಸಿ, ಬೋರಲು ಹಾಕಿ ಕೊಟ್ಟಳು. ತಿಂದರು. ಪುತ್ತರಿ ಹೊತ್ತಿಗೆ ಐದು ಕಿಲೋ ಏರಿದ್ದರು. ನಳಿಕೆಯ ಮಾತು ಮತ್ತೆ ಬರಲಿಲ್ಲ. ಮಾತು ಕೂಡ ಒಂದೊಂದೇ ಬರುತ್ತಿದೆ, ಈಗ ಇಪ್ಪತ್ತು ಇಪ್ಪತ್ತೈದು ಶಬ್ದ ಇವೆ. ಅದರಲ್ಲಿ ಅಮ್ಮನ ಹೆಸರು ಒಂದು, ‘ಸಾಕು’ ಒಂದು, ಒಂದು ಇಲ್ಲಿ ಬರೆಯಲಾಗದ್ದು.

ಭಾನುವಾರ ಹತ್ತು ಬಟ್ಟಲು ಮಾಡುವುದು ಮನೆಯ ಪದ್ಧತಿಯಾಗಿಬಿಟ್ಟಿದೆ. ಅಪ್ಪನ 45ರ ಬಟ್ಟಲು ನಮ್ಮ 60ರ ಬಟ್ಟಲಿಗೆ ಬೆರೆಯಬಾರದು ಅಂತ ಅಮ್ಮ ಅದರ ಅಂಚಿಗೆ ಕೆಂಪು ನೇಲ್‌ಪಾಲಿಷಿನ ಒಂದು ಚುಕ್ಕಿ ಇಟ್ಟಿದ್ದಾಳೆ. ಅಪ್ಪ ತಿನ್ನುವ ಮೊದಲು ಬಟ್ಟಲು ತಿರುಗಿಸಿ ಚುಕ್ಕಿ ಬಲಮೇಲ್ಮೂಲೆಗೆ ತರುತ್ತಾರೆ.

ಈಚೆಗೆ ಪಕ್ಕದ ಮನೆಯ ಆಂಟಿ ನೆಂಟರ ಮನೆ ಸಮಾರಂಭಕ್ಕೆ ಅಂತ ಮೂವತ್ತು ಬಟ್ಟಲು ಹೇಳಿದರು. ‘ದುಡ್ಡು ತಗೋಬೇಕು, ಇಲ್ಲಾಂದ್ರೆ ನಾನು ಬೇಕರಿಗೆ ಹೋಗ್ತೀನಿ’ ಅಂತ ಗದರಿಸಿದರು. ನಮ್ಮ ಇಡ್ಲಿ ಪಾತ್ರೆಗೆ ಒಂದು ಸಲಕ್ಕೆ ಹತ್ತೇ ಹಿಡಿಯುವುದು. ಅಪ್ಪ ಗಾಲಿಕುರ್ಚಿಯಲ್ಲಿ ಕೂತು ಎಡಗೈ ಬೆರಳಲ್ಲಿ ಲೆಕ್ಕ ಹಾಕಿದರು: ಮೂರು ಸಲ, ಸಲಕ್ಕೆ ಎರಡು, ಒಟ್ಟು ಆರು ರೀಲು. ಆರನೇ ರೀಲು ಮುಗಿದು ಕೊನೆಯ ಹತ್ತು ಬಟ್ಟಲು ಇಳಿಸಿದಾಗ ಅವರ ಬಾಯಿಂದ ಎರಡು ವರ್ಷದಲ್ಲಿ ಕೇಳದ ಒಂದು ಶಬ್ದ ಬಂತು.

‘ಇಂ… ಇಂಟ್ರುವಲ್ಲು.’

ಅಮ್ಮ ಕಾಫಿಗೆ ನೀರಿಟ್ಟಳು. ಅಪ್ಪನ ಲೋಟಕ್ಕೆ ಮಾತ್ರ ಗಟ್ಟಿ ಮಾಡುವ ಪುಡಿ ಎರಡು ಚಮಚ.